ಗಾಂಧಿ ನೋಡಲು ಬೆಂಗಳೂರಿಗೆ ಹೊರಟಿದ್ದೀರಾ? ಅಕ್ಟೋಬರ್ 2 ಒಂದು ಬಿಟ್ಟು ಯಾವತ್ತಾದರೂ ಹೋಗಿ

ಗಾಂಧಿ ಇದ್ದ, ಓಡಾಡಿದ ಜಾಗಗಳನ್ನು ನೋಡಲು ಅಪ್ಪ, ಮಗಳ ಜೊತೆ ಹಾವೇರಿಯಿಂದ ಬೆಂಗಳೂರಿಗೆ ಹೋಗಿದ್ದೆ. ಮೊದಲು ಬಸ್ಸಿನ ಕಥೆ ಹೇಳಿ ಮುಗಿಸುತ್ತೇನೆ. ಅದನ್ನು ಹೇಳದೆ ಮುಂದಿನದ್ದು ಬರೆಯಲು ಮನಸ್ಸೇ ಬರುತ್ತಿಲ್ಲ.

2025ರ ಅಕ್ಟೋಬರ್ 2ಕ್ಕೆ ಗಾಂಧಿ ಜಯಂತಿಯೂ ಬಂತು, ವಿಜಯದಶಮಿಯೂ ಬಂತು. ಹಿಂದಿನ ದಿನ ಆಯುಧಪೂಜೆ. ಹಾವೇರಿಯಿಂದ ರಾತ್ರಿ ಹನ್ನೊಂದಕ್ಕೆ ಹೊರಡಬೇಕಿದ್ದ ಖಾಸಗಿ ಸ್ಲೀಪರ್ ಬಸ್ಸು ಬೈಪಾಸಿಗೆ ಬಂದಾಗ ಒಂದೂವರೆ. ಮುಂದೆ ಎರಡೂ ಕಡೆ ಬಾಳೆಕಂಬ, ಗಾಜಿನ ತುಂಬಾ ಚೆಂಡುಹೂ. ಡ್ರೈವರಿಗೆ ರಸ್ತೆ ಹೇಗೆ ಕಾಣುತ್ತಿತ್ತೋ ದೇವರೇ ಬಲ್ಲ. ಕೇಳಿದರೆ 'ಪೂಜೆ ಇತ್ತಲ್ರಿ ಸಾರ್' ಅಂದರು. ಪೂಜೆ ಬೆಳಗ್ಗೆಯೇ ಮುಗಿದಿರುತ್ತದೆ ಅನ್ನುವುದು ನಮಗೂ ಗೊತ್ತು, ಅಲ್ವಾ? ಟಿಕೆಟ್ಟಿಗೆ ಮಾಮೂಲಿ ದರದ ಎರಡೂವರೆ ಪಟ್ಟು ಕೊಟ್ಟಿದ್ದೆ. ಅಪ್ಪನ ಬರ್ತಿನ ಮೇಲೆ ಎಸಿ ತೂತಿನಿಂದ ರಾತ್ರಿಯಿಡೀ ನೀರು ತೊಟ್ಟಿಕ್ಕಿತು. 71 ವರ್ಷದ ಮನುಷ್ಯ, ಬಿಪಿ ಬೇರೆ ಇದೆ. ತಲೆಗೆ ಟವೆಲ್ ಸುತ್ತಿಕೊಂಡು ಮುದುಡಿ ಮಲಗಿದ್ದರು. ಕ್ಲೀನರ್ ಬಂದು ಆ ತೂತಿಗೆ ಹಳೇ ಪೇಪರ್ ತುರುಕಿದ. ರಿಪೇರಿ ಅಷ್ಟೇ.

ಟಿಕೆಟ್ಟಿನಲ್ಲಿ 'ಮೆಜೆಸ್ಟಿಕ್ ಡ್ರಾಪ್' ಅಂತ ಇತ್ತು. ಬೆಳಗ್ಗೆ ಒಂಬತ್ತರ ಹೊತ್ತಿಗೆ ಗೊರಗುಂಟೆಪಾಳ್ಯದಲ್ಲಿ ಎಲ್ಲರನ್ನೂ ಇಳಿಸಿ, ಮುಂದೆ ಜಾಮ್ ಇದೆ, ಬಸ್ ಹೋಗಲ್ಲ ಅಂದರು. ನಾನು ಬ್ಯಾಗು ಎಣಿಸುವಷ್ಟರಲ್ಲಿ ಒಬ್ಬ ಆಟೋದವನು ಬಂದ. 600 ರೂಪಾಯಿ. ಹಬ್ಬದ ದಿನ ಸಾರ್, ಆಟೋನೇ ಇಲ್ಲ ಅಂದ. ಒಪ್ಪಿ ಹತ್ತಿದೆವು. ಆಟೋ ಹೊರಟ ಮೇಲೆ ಮಗಳು ಹೊರಗೆ ತಲೆ ಹಾಕಿ ಹೇಳಿದಳು: 'ಪಪ್ಪಾ, ಮೇಲೆ ಮೆಟ್ರೋ ಸ್ಟೇಷನ್ ಇದೆಯಲ್ಲ!' ಇತ್ತು. ಗೊರಗುಂಟೆಪಾಳ್ಯದಿಂದ ಮೆಜೆಸ್ಟಿಕ್‌ಗೆ ಹಸಿರು ಮಾರ್ಗದಲ್ಲಿ ನೇರ ರೈಲು. ಮೂರೂ ಜನಕ್ಕೆ ಆಟೋದ ಅರ್ಧ ದುಡ್ಡೂ ಆಗುತ್ತಿರಲಿಲ್ಲ. ತುಮಕೂರು ರಸ್ತೆಯಿಂದ ಬರುವವರು ನೆನಪಿಟ್ಟುಕೊಳ್ಳಿ. ಬಸ್ಸಿನವರು ಎಲ್ಲೇ ಇಳಿಸಲಿ, ಮೊದಲು ತಲೆ ಎತ್ತಿ ನೋಡಿ.

ಇಷ್ಟೆಲ್ಲ ಪಾಡು ಪಟ್ಟಿದ್ದು ಮಗಳ ಪ್ರಾಜೆಕ್ಟಿಗಾಗಿ. ಒಂಬತ್ತನೇ ಕ್ಲಾಸು. ವಿಷಯ 'ಗಾಂಧೀಜಿ ಮತ್ತು ಕರ್ನಾಟಕ'. ಮೊಬೈಲಿನಲ್ಲಿ ಹುಡುಕಿದರೆ ದಂಡಿ, ಸಾಬರಮತಿ, ಚಂಪಾರಣ್ ಬರುತ್ತಿತ್ತೇ ಹೊರತು ಕರ್ನಾಟಕ ಬರುತ್ತಿರಲಿಲ್ಲ. ನಮ್ಮ ಜಿಲ್ಲೆಯ ಮೋಟೆಬೆನ್ನೂರಿನ ಮೈಲಾರ ಮಹದೇವಪ್ಪ 1930ರಲ್ಲಿ ದಂಡಿಗೆ ಗಾಂಧಿ ಜೊತೆ ನಡೆದ ಒಬ್ಬನೇ ಕನ್ನಡಿಗ. ಅದು ಹಾವೇರಿಯಲ್ಲಿ ಎಲ್ಲರಿಗೂ ಗೊತ್ತು, ಅವಳು ಅದನ್ನು ಆಗಲೇ ಬರೆದಿದ್ದಳು. ಆಮೇಲೆ ಏನು ಬರೆಯುವುದು? ಅಪ್ಪ ಪೇಪರ್ ಓದುತ್ತಾ ಸುಮ್ನೆ ಅಂದರು: 'ಅವರಿಗೆ ಬಿಪಿ ಜಾಸ್ತಿ ಆದಾಗ ಬೆಂಗಳೂರಾಗ ತಿಂಗಳುಗಟ್ಟಲೆ ಇದ್ದರಲ್ಲ, ಅದನ್ನ ಬರಿ.'

ನನಗೆ ಗೊತ್ತಿರಲಿಲ್ಲ. ಗಾಂಧಿಗೆ ಬಿಪಿ ಇತ್ತು ಅನ್ನುವುದೇ ನಾನು ಅವತ್ತು ಕೇಳಿದ್ದು.

1927ರ ಮಾರ್ಚ್ ಕೊನೆಗೆ ಖಾದಿ ಪ್ರಚಾರಕ್ಕೆಂದು ನಿಪ್ಪಾಣಿ, ಕೊಲ್ಹಾಪುರದ ಕಡೆ ತಿರುಗುತ್ತಿದ್ದಾಗ ಗಾಂಧಿ ಕುಸಿದರು. ಒಂದೇ ಸಮನೆ ಪ್ರವಾಸ, ದಿನವೂ ಹಲವು ಕಡೆ ಮಾತು. ರಕ್ತದೊತ್ತಡ ಏರಿದೆ, ಎಲ್ಲ ಬಿಟ್ಟು ತಂಪು ಜಾಗದಲ್ಲಿ ಇರಿ ಅಂದರು ಡಾಕ್ಟರುಗಳು. ಹಾಗೆ ಏಪ್ರಿಲ್‌ನಲ್ಲಿ ನಂದಿಬೆಟ್ಟಕ್ಕೆ ಬಂದು ಸುಮಾರು ಒಂದೂವರೆ ತಿಂಗಳು ಇದ್ದರು. ಜೂನ್‌ನಲ್ಲಿ ಬೆಟ್ಟ ಇಳಿದು ಬೆಂಗಳೂರಿಗೆ ಬಂದು ಆಗಸ್ಟ್ ಕೊನೆಯವರೆಗೂ ಉಳಿದರು. ಆಗ ಅವರಿಗೆ 57. ಬೇರೆ ಊರುಗಳಿಗೆ ಅವರು ಬಂದದ್ದು ಭಾಷಣಕ್ಕೆ, ಸತ್ಯಾಗ್ರಹಕ್ಕೆ. ಬೆಂಗಳೂರಿಗೆ ಆ ವರ್ಷ ಬಂದದ್ದು ರೋಗಿಯಾಗಿ, ಹವಾ ಬದಲಿಸಲು. ನೀವು ಇದನ್ನು ತಲೆಯಲ್ಲಿಟ್ಟುಕೊಂಡು ಹೋದರೆ ಜಾಗಗಳು ಬೇರೆಯೇ ಥರ ಕಾಣುತ್ತವೆ. ಪ್ರತಿಮೆ ಹುಡುಕಿಕೊಂಡು ಹೋದರೆ ನಮ್ಮ ಹಾಗೆ ಮೊದಲ ದಿನ ಹಾಳು.

ಮೊದಲ ದಿನ ಹೇಗೆ ಹಾಳಾಯಿತು ಅಂದರೆ, ಕುಮಾರಪಾರ್ಕ್ ಪೂರ್ವದ ಗಾಂಧಿ ಭವನಕ್ಕೆ ನಾವು ಜಯಂತಿಯ ದಿನವೇ ಹೋದೆವು. ಶಿವಾನಂದ ಸರ್ಕಲ್ಲಿನಿಂದ ನಡೆಯುವ ದೂರ. ಬೀದಿ ತುಂಬಾ ಕಾರು. ಒಳಗೆ ಭಜನೆ, ಹಾರ, ಗುಂಡು ಕನ್ನಡಕ ಹಾಕಿ ಕೋಲು ಹಿಡಿದ ಪುಟ್ಟ ಗಾಂಧಿಗಳು ಏಳೆಂಟು ಜನ. ಒಬ್ಬ ಪುಟ್ಟ ಗಾಂಧಿ ಮೀಸೆ ಅಂಟು ಕಿತ್ತುಹೋಗಿ ಅಳುತ್ತಿದ್ದ. ನೋಡಲು ಚೆಂದವೇ. ಆದರೆ ಫೋಟೊಗಳ ಮುಂದೆ ನಿಂತು ಕೆಳಗಿನ ಎರಡು ಸಾಲು ಓದುವಷ್ಟರಲ್ಲಿ ಹಿಂದಿನವರು ತಳ್ಳುತ್ತಿದ್ದರು. ಅಂಥ ದಿನ ಜನ ಬರುವುದು ಬರಬೇಕಾದ್ದೇ, ಅದು ಯಾರ ತಪ್ಪೂ ಅಲ್ಲ. ನನಗೆ ಮಾತ್ರ ಗುಂಪು ಕಂಡರೆ ಆಗುವುದಿಲ್ಲ. ನಿಮಗೆ ಜಾತ್ರೆ ಇಷ್ಟವಿದ್ದರೆ ಅವತ್ತೇ ಹೋಗಿ, ಭಜನೆ ಸೊಗಸಾಗಿತ್ತು.

ಅಲ್ಲಿಂದ ಹೊರಟು ಮೆಜೆಸ್ಟಿಕ್ ಕಡೆ ನಡೆಯುವಾಗ ಫುಟ್‌ಪಾತಿನಲ್ಲಿ ಒಬ್ಬ 'ಜಯಂತಿ ಆಫರ್, ಅಪ್ಪಟ ಖಾದಿ' ಅಂತ ಜುಬ್ಬ ಮಾರುತ್ತಿದ್ದ. 450 ರೂಪಾಯಿ. ಬಣ್ಣ ಒಪ್ಪವಾಗಿತ್ತು, ತೆಗೆದುಕೊಂಡೆ. ಅಪ್ಪ ಆಗ ಏನೂ ಹೇಳಲಿಲ್ಲ. ರೂಮಿಗೆ ಬಂದ ಮೇಲೆ ಜುಬ್ಬದ ಅಂಚಿನಿಂದ ಒಂದು ದಾರ ಎಳೆದು ಕಡ್ಡಿ ಗೀರಿದರು. ಹತ್ತಿಯ ನೂಲಾದರೆ ಕಾಗದ ಸುಟ್ಟ ವಾಸನೆ ಬಂದು ಬೂದಿಯಾಗಿ ಉದುರುತ್ತದೆ. ಇದು ಕರಗಿ, ತುದಿಯಲ್ಲಿ ಸಾಸಿವೆಯಷ್ಟು ಕರಿ ಗುಂಡು ಕಟ್ಟಿತು. 'ಖಾದಿ ಅಲ್ಲೋ ಮಾರಾಯ, ಇದು ಪ್ಲಾಸ್ಟಿಕ್ ಕೊಡಪಾನ ಮಾಡೋ ಸಾಮಾನು ಐತಿ' ಅಂದರು. ಮಗಳು ಬಿದ್ದು ಬಿದ್ದು ನಕ್ಕಳು. ಅಂಗಡಿಯಲ್ಲೇ ಯಾಕೆ ಹೇಳಲಿಲ್ಲ ಅಂದರೆ, 'ಹೇಳಿದ್ರ ನೀ ಕೇಳ್ತಿದ್ದಿಲ್ಲ' ಅಂತ ಉತ್ತರ.

ಹಾಗಾಗಿ ಕೇಳಿ. ಖಾದಿ ಬೇಕಾದರೆ ಖಾದಿ ಭಂಡಾರಗಳಿಗೇ ಹೋಗಿ, 'ಖಾದಿ ಮಾರ್ಕ್' ಚೀಟಿ ಇದೆಯಾ ನೋಡಿ. ಜಯಂತಿಯ ಸಮಯಕ್ಕೆ ರಿಯಾಯಿತಿ ಶುರುವಾದರೆ ಅದು ಒಂದೇ ದಿನಕ್ಕೆ ಮುಗಿಯುವುದಿಲ್ಲ, ಮೊದಲ ದಿನವೇ ಸಾಲಿನಲ್ಲಿ ನಿಲ್ಲಬೇಕಿಲ್ಲ. ಕೈಯಲ್ಲಿ ನೂತ ನೂಲು ಎಲ್ಲ ಕಡೆ ಒಂದೇ ದಪ್ಪ ಇರುವುದಿಲ್ಲ. ಬಟ್ಟೆಯನ್ನು ಬೆಳಕಿಗೆ ಹಿಡಿದರೆ ಗೊತ್ತಾಗುತ್ತದೆ. ನಮ್ಮ ಕಡೆಯವರು ಇಷ್ಟಕ್ಕೆ ಬೆಂಗಳೂರಿಗೆ ಹೋಗಬೇಕಾಗಿಯೇ ಇಲ್ಲ. ದೇಶಕ್ಕೆ ಖಾದಿ ರಾಷ್ಟ್ರಧ್ವಜ ಮಾಡಿಕೊಡುವ ಬೆಂಗೇರಿ ಹುಬ್ಬಳ್ಳಿಯಲ್ಲೇ ಇದೆ. ಹಾವೇರಿಯಿಂದ ಬಂದು ಫುಟ್‌ಪಾತಿನಲ್ಲಿ ಖಾದಿ ಕೊಂಡ ಮೊದಲ ಮೂರ್ಖ ನಾನೇ ಇರಬೇಕು.

ರೂಮಿನ ವಿಷಯ ಜಾಸ್ತಿ ಬೇಡ. ಮೆಜೆಸ್ಟಿಕ್ ಹಿಂದಿನ ಗಲ್ಲಿ, 2,800 ರೂಪಾಯಿ, ಕಿಟಕಿ ತೆಗೆದರೆ ಪಕ್ಕದ ಕಟ್ಟಡದ ಗೋಡೆ. ಬೋರ್ಡಿನಲ್ಲಿ '24 ಗಂಟೆ ಬಿಸಿನೀರು', ಕೌಂಟರಿನಲ್ಲಿ 'ಬೆಳಗ್ಗೆ ಆರರಿಂದ ಎಂಟು'. ಹಬ್ಬದ ಸಾಲುರಜೆಯಲ್ಲಿ ಬೆಂಗಳೂರಿನವರೆಲ್ಲ ಊರಿಗೆ ಹೋಗಿರುತ್ತಾರೆ, ರೂಮು ಅಗ್ಗವಾಗಿರುತ್ತದೆ ಅಂತ ನಾನು ಹಾಕಿದ್ದ ಲೆಕ್ಕ ತಪ್ಪಿತು.

ಆದರೆ ಆ ದಿನ ಊಟ ನಮ್ಮನ್ನು ಕಾಪಾಡಿತು. ಶೇಷಾದ್ರಿಪುರದ ಒಳರಸ್ತೆಯೊಂದರಲ್ಲಿ ಆರು ಟೇಬಲ್ಲಿನ ಮುದ್ದೆ ಹೋಟೆಲ್. ಹೊರಗೆ ನಾಟಿಕೋಳಿಯ ಚಿತ್ರ ನೋಡಿ ಅಪ್ಪ ಬಾಗಿಲಲ್ಲೇ ನಿಂತರು. ಮಾಲಕಿ ಒಳಗಿಂದಲೇ ಕೂಗಿದರು: 'ಬನ್ನಿ ಯಜಮಾನ್ರೆ, ಇವತ್ತು ಗಾಂಧಿ ಜಯಂತಿ, ಮಾಂಸದಂಗಡಿಗಳೆಲ್ಲ ಬಂದ್. ಇವತ್ತು ಬರೀ ಉಪ್ಸಾರು.' ನಗರದಲ್ಲಿ ಅಕ್ಟೋಬರ್ 2ಕ್ಕೆ ಮಾಂಸ ಮಾರುವಂತಿಲ್ಲ. ಸರ್ವೋದಯ ದಿನ ಅಂತ ಜನವರಿ 30ಕ್ಕೂ ಹಾಗೇ. ಬಾಡೂಟಕ್ಕೆಂದೇ ಬರುವವರು ಈ ಎರಡು ದಿನ ತಪ್ಪಿಸಿಕೊಳ್ಳಿ. ನಮ್ಮಂಥವರಿಗೆ ಇದು ಲಾಟರಿ.

ಉಪ್ಸಾರು ಅಂದರೆ ಏನೂ ಇಲ್ಲ, ಎಲ್ಲವೂ ಇದೆ. ಸೊಪ್ಪು, ಹಲಸಂದೆ ಕಾಳು ಉಪ್ಪು ಹಾಕಿ ಬೇಯಿಸುತ್ತಾರೆ. ಬೆಂದ ನೀರು ಬಸಿದು ಅದನ್ನೇ ಸಾರು ಮಾಡುತ್ತಾರೆ. ಬಸಿದ ಸೊಪ್ಪು, ಕಾಳಿಗೆ ಒಗ್ಗರಣೆ ಕೊಟ್ಟು ಪಲ್ಯ. ಬೆಳ್ಳುಳ್ಳಿ, ಮೆಣಸಿನಕಾಯಿ ಅರೆದ ಖಾರ ತಟ್ಟೆಯ ಅಂಚಿಗೆ ಒಂದು ಚಿಟಿಕೆ. ಎಷ್ಟು ಬೇಕೋ ಅಷ್ಟು ಸಾರಿಗೆ ಕಲಸಿಕೊಳ್ಳುವುದು. ಇದರ ಜೊತೆ ಟೆನಿಸ್ ಚೆಂಡಿಗಿಂತ ದೊಡ್ಡ ಬಿಸಿ ರಾಗಿಮುದ್ದೆ, ಮೇಲೆ ಒಂದು ಹನಿ ತುಪ್ಪ. ಆಮೇಲೆ ಅನ್ನ, ಮಜ್ಜಿಗೆ. ಒಟ್ಟು 80 ರೂಪಾಯಿ. ಇನ್ನೊಂದು ಮುದ್ದೆಗೆ 15.

ನಾವು ರೊಟ್ಟಿ ಜನ. ಅಪ್ಪ ಮುದ್ದೆಯನ್ನು ರೊಟ್ಟಿಯ ಹಾಗೆ ಮುರಿದು ಅಗಿಯಲು ಶುರುಮಾಡಿದರು. ಹಲ್ಲುಕಟ್ಟಿಗೆ ಮೆತ್ತಿಕೊಂಡಿತು. ಪಕ್ಕದ ಟೇಬಲ್ಲಿನ ಲೋಡಿಂಗ್ ಕೆಲಸದವರೊಬ್ಬರು ಊಟ ಬಿಟ್ಟು ಎದ್ದು ಬಂದು ಕಲಿಸಿದರು. ನಿಂಬೆಹಣ್ಣಿನಷ್ಟು ಚಿವುಟಿ, ಸಾರಿನಲ್ಲಿ ಹೊರಳಿಸಿ, ಹಲ್ಲಿಗೆ ತಾಗಿಸದೆ ನುಂಗಬೇಕು. 'ಅಗೀಬಾರ್ದು ತಾತ, ಜಾರಿಸ್ಬೇಕು.' ಮೂರನೇ ತುತ್ತಿಗೆ ಅಪ್ಪನಿಗೆ ಬಂತು. ಎರಡನೇ ಮುದ್ದೆ ತರಿಸಿಕೊಂಡರು! ಉಪ್ಪು ಮಾತ್ರ ಬಿಪಿ ಇದ್ದವರಿಗೆ ಸ್ವಲ್ಪ ಜಾಸ್ತಿಯೇ. ಹೆಸರಲ್ಲೇ ಉಪ್ಪು ಇದೆ, ದೂರುವ ಹಾಗಿಲ್ಲ. ಇದ್ದಷ್ಟು ದಿನ ನಾವು ಮಧ್ಯಾಹ್ನ ಆ ಕಡೆ ಇದ್ದರೆ ಅಲ್ಲೇ ಊಟ ಮಾಡಿದೆವು. ಮರುದಿನದಿಂದ ನಾಟಿಕೋಳಿ ವಾಪಸ್ ಬಂತು. ಆದರೂ ಮಾಲಕಿ ಅಪ್ಪನಿಗೆ ಅಂತ ಸೊಪ್ಪಿನ ಸಾರು ಬೇರೆ ತೆಗೆದಿಟ್ಟಿರುತ್ತಿದ್ದರು. ಹೋಟೆಲಿಗೆ ಹೆಸರಿನ ಫಲಕ ಇಲ್ಲ, ಕೋಳಿಯ ಚಿತ್ರವೇ ಗುರುತು.

ಸಂಜೆ ಎಂ.ಜಿ. ರಸ್ತೆಗೆ ಹೋದೆವು, ಅಪ್ಪ ಹೆಸರು ಕೇಳಿದ್ದರಂತೆ. ಬ್ರಿಟಿಷರ ಕಾಲದ ಸೌತ್ ಪೆರೇಡ್ 1948ರಲ್ಲಿ ಮಹಾತ್ಮ ಗಾಂಧಿ ರಸ್ತೆಯಾಯಿತು. ಅವತ್ತು ಬಾರುಗಳಿಗೆಲ್ಲ ರಜೆ. ವರ್ಷದಲ್ಲಿ ಇದೊಂದು ದಿನ ರಸ್ತೆ ಹೆಸರಿಗೆ ತಕ್ಕ ಹಾಗಿರುತ್ತದೆ. ಕಬ್ಬನ್ ಪಾರ್ಕ್ ತುದಿಯ ಗಾಂಧಿ ಪ್ರತಿಮೆಗೆ ಹಾಕಿದ್ದ ಹಾರಗಳನ್ನು ನೋಡಿ, ಐಸ್‌ಕ್ರೀಮ್ ತಿಂದು ಬಂದೆವು.

ಶುಕ್ರವಾರ ಮತ್ತೆ ಗಾಂಧಿ ಭವನ. ಈಗ ಕೇಳಿ. ನಾವು ಮೂವರು, ಒಬ್ಬ ಕಾಲೇಜು ಹುಡುಗ, ಅಷ್ಟೇ. ಫ್ಯಾನಿನ ಸದ್ದು ಬಿಟ್ಟರೆ ಏನೂ ಇಲ್ಲ. ಬಾಲ್ಯದಿಂದ ಕೊನೆಯವರೆಗಿನ ಫೋಟೊಗಳು ಸಾಲಾಗಿವೆ. ಪತ್ರಗಳ ಪ್ರತಿಗಳಿವೆ. ಅವರು ಬಳಸಿದ ಮರದ ಪಾದುಕೆ ಇದೆ, ನೀರು ಕುಡಿಯುತ್ತಿದ್ದ ಮಣ್ಣಿನ ಬಟ್ಟಲು ಇದೆ. ಮಗಳು ಆ ಬಟ್ಟಲಿನ ಮುಂದೆ ಹದಿನೈದು ನಿಮಿಷ ಕೂತು ಚಿತ್ರ ಬರೆದಳು. ಹಿಂದಿನ ದಿನ ಅದೇ ಜಾಗದಲ್ಲಿ ಹದಿನೈದು ಸೆಕೆಂಡು ನಿಲ್ಲಲು ಆಗಿರಲಿಲ್ಲ. ಲೈಬ್ರರಿಯೂ ಇದೆ. ಎಲ್ಲ ದಿನವೂ ಗ್ಯಾಲರಿ ತೆರೆದಿರುತ್ತದೆ ಅಂತ ಅಂದುಕೊಳ್ಳಬೇಡಿ, ಹೊರಡುವ ಮೊದಲು ಒಂದು ಫೋನ್ ಮಾಡಿ.

ಅಭ್ಯಾಸಕ್ಕೆಂದು ಹೋಗುವವರಿಗೆ ಒಂದು ಮಾತು. ಗಾಂಧಿಯ ಸಮಗ್ರ ಬರಹಗಳು ಇಂಗ್ಲಿಷಿನಲ್ಲಿ 100 ಸಂಪುಟ ಇವೆ, ಗಾಂಧಿ ಹೆರಿಟೇಜ್ ಪೋರ್ಟಲ್‌ನಲ್ಲಿ ಪುಕ್ಕಟೆ ಓದಬಹುದು. ಎಲ್ಲ ಓದಲು ಹೋಗಬೇಡಿ. ನಂದಿ ಮತ್ತು ಬೆಂಗಳೂರಿನ ಕಾಲದ್ದು 33 ಮತ್ತು 34ನೇ ಸಂಪುಟದಲ್ಲಿದೆ. ವಿಶ್ರಾಂತಿ ಅಂದರೆ ಮಲಗುವುದಲ್ಲ ಅನ್ನುವುದು ಅಲ್ಲಿ ಗೊತ್ತಾಗುತ್ತದೆ. ದಿನಕ್ಕೆ ಎಷ್ಟೊಂದು ಕಾಗದ! ತುಂಬಾ ಪತ್ರಗಳ ತಲೆಯಲ್ಲಿ 'ಕುಮಾರ ಪಾರ್ಕ್, ಬೆಂಗಳೂರು' ಅಂತ ವಿಳಾಸ. ನಾವು ಭವನದಿಂದ ಹೊರಬಂದು ನಿಂತಿದ್ದ ರಸ್ತೆಯ ಬೋರ್ಡಿನಲ್ಲೂ ಕುಮಾರಪಾರ್ಕ್ ಅಂತಲೇ ಇತ್ತು. ಮಗಳು ಎರಡನ್ನೂ ಒಟ್ಟಿಗೆ ನೋಡಿ 'ಅಯ್ಯೋ, ಇಲ್ಲೇ!' ಅಂದಳು. ದುಡ್ಡು ಕೊಟ್ಟದ್ದೆಲ್ಲ ಅವತ್ತು ವಸೂಲಾಯಿತು ಅನ್ನಿಸಿತು. ಗಾಂಧಿ ಮೈಸೂರು ಸಂಸ್ಥಾನದ ಅತಿಥಿಯಾಗಿ ಇದ್ದ ಕುಮಾರಕೃಪ ಹತ್ತಿರದಲ್ಲೇ ಇದೆ. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದ್ದು. ಈಗ ಸರ್ಕಾರಿ ಅತಿಥಿಗೃಹ, ಹೊರಗಿನ ಮರಗಳನ್ನು ನೋಡಬಹುದು, ಅಷ್ಟೇ.

ಶನಿವಾರ ನಂದಿಬೆಟ್ಟ. ಇಲ್ಲೂ ನನ್ನದೇ ತಪ್ಪು. ಶನಿವಾರ ಹೋಗಬಾರದು. ಬೆಂಗಳೂರಿನ ಎಲ್ಲ ಬೈಕುಗಳೂ ಅವತ್ತು ಅಲ್ಲೇ ಇರುತ್ತವೆ. ಮೆಜೆಸ್ಟಿಕ್‌ನಿಂದ ಬೆಟ್ಟಕ್ಕೇ ಹೋಗುವ ಸರ್ಕಾರಿ ಬಸ್ಸು ದಿನಕ್ಕೆ ಕೆಲವೇ ಇವೆ, ಬೆಳಗಿನದ್ದು ತಪ್ಪಿದರೆ ಚಿಕ್ಕಬಳ್ಳಾಪುರದ ಬಸ್ಸು ಹಿಡಿದು ಬದಲಿಸಬೇಕು. ತಿರುವುಗಳಲ್ಲಿ ನಮ್ಮ ಬಸ್ಸು ಒಂದು ಗಂಟೆ ಅಲ್ಲಾಡಲಿಲ್ಲ. ಅಪ್ಪ ಕಿಟಕಿ ಪಕ್ಕ ಕೂತು ಮಾತ್ರೆ ನುಂಗಿ, 'ಬಿಪಿ ಇಳಿಸ್ಲಿಕ್ಕೆ ಗಾಂಧಿ ಇಲ್ಲಿಗೆ ಬಂದ್ರು, ನನಗ ಇಲ್ಲೇ ಏರಾಕತ್ತೈತಿ' ಅಂದರು.

ಮೇಲೆ ಜನ ಎಲ್ಲ ಟಿಪ್ಪು ಡ್ರಾಪ್ ಅನ್ನುವ ಪ್ರಪಾತದ ಅಂಚಿನ ಕಡೆ ಓಡುತ್ತಾರೆ, ಮೋಡದ ಜೊತೆ ಸೆಲ್ಫಿಗೆ. ಗಾಂಧಿ ಉಳಿದುಕೊಂಡಿದ್ದ ಗಾಂಧಿ ನಿಲಯದ ಕಡೆ ಅಷ್ಟು ಜನ ಇರಲಿಲ್ಲ. ಕನ್ನಿಂಗ್‌ಹ್ಯಾಮ್ ಅನ್ನುವ ಬ್ರಿಟಿಷ್ ಅಧಿಕಾರಿ ಕಟ್ಟಿಸಿದ ಬಂಗಲೆ. ಬೆಂಗಳೂರಿನ ಕನ್ನಿಂಗ್‌ಹ್ಯಾಮ್ ರಸ್ತೆಯೂ ಅದೇ ಮನುಷ್ಯನ ಹೆಸರಿನದ್ದು. ಅತಿಥಿಗೃಹವಾದ್ದರಿಂದ ನಾವು ಹೊರಗಿನಿಂದಲೇ ನೋಡಿದೆವು. 1927ರಲ್ಲಿ ಕಾವಲಿಗೆಂಬಂತೆ ರಾಜಾಜಿ ಜೊತೆಗಿದ್ದರು. 1936ರಲ್ಲಿ ಗಾಂಧಿ ಮತ್ತೆ ಬಂದರು, ಆಗ ಜೊತೆಗೆ ಸರ್ದಾರ್ ಪಟೇಲ್. ಸಿ.ವಿ. ರಾಮನ್ ಬಂದು ಭೇಟಿಯಾಗಿದ್ದೂ ಆಗಲೇ. ಅಪ್ಪ ಮರದ ಕೆಳಗೆ ಒಂದು ಗಂಟೆ ಕಣ್ಣು ಮುಚ್ಚಿ ಕೂತರು. 1,478 ಮೀಟರ್ ಎತ್ತರದ ಗಾಳಿ, ಡಾಕ್ಟರುಗಳು ಸುಮ್ನೆ ಹೇಳಿರಲಿಲ್ಲ ಬಿಡಿ. ಕೋತಿಗಳಿಂದ ತಿಂಡಿ ಬಚ್ಚಿಡಿ, ನಮ್ಮ ಶೇಂಗಾ ಉಂಡೆ ಪೊಟ್ಟಣ ಹೋಯಿತು. ವಯಸ್ಸಾದವರಿದ್ದರೆ ವಾರದ ಮಧ್ಯೆಯೇ ಹೋಗಿ, ಮತ್ತೆ ಮತ್ತೆ ಹೇಳುತ್ತೇನೆ.

ಭಾನುವಾರ ನೆಂಟರ ಮನೆ.

ಸೋಮವಾರ ಹೊಸೂರು ರಸ್ತೆಗೆ ಹೋದದ್ದು ಮಗಳ ಹಟಕ್ಕೆ. ಆಡುಗೋಡಿಯಲ್ಲಿ ಡೈರಿ ಸಂಶೋಧನಾ ಸಂಸ್ಥೆಯ ಕ್ಯಾಂಪಸ್ ಇದೆ. ಬ್ರಿಟಿಷರ ಕಾಲದಲ್ಲಿ ಇದು ಇಂಪೀರಿಯಲ್ ಡೈರಿ. 1927ರ ಜೂನ್‌ನಲ್ಲಿ, ಇನ್ನೂ ಪೂರ್ತಿ ಹುಷಾರಾಗದ ಗಾಂಧಿ ದಿನವೂ ಇಲ್ಲಿಗೆ ಬಂದು ಹಸು ಸಾಕುವುದನ್ನು ಪಾಠದ ಹಾಗೆ ಕಲಿತರು. ಮದನ ಮೋಹನ ಮಾಳವೀಯರೂ ಬಂದಿದ್ದರು. ಹಸುವಿನ ಹಾಲು ಬಿಟ್ಟು ಆಡಿನ ಹಾಲು ಕುಡಿಯುತ್ತಿದ್ದ ಮನುಷ್ಯ! ಗೋರಕ್ಷಣೆ ಅಂದರೆ ಪೂಜೆ ಮಾಡಿ ಬಿಡುವುದಲ್ಲ, ಮೇವು, ತಳಿ, ಲೆಕ್ಕ ಎಲ್ಲ ಗೊತ್ತಿರಬೇಕು ಅನ್ನುವುದು ಅವರ ವಾದ. ಕೊನೆಗೆ ಸಂದರ್ಶಕರ ಪುಸ್ತಕದಲ್ಲಿ ಸಹಿ ಹಾಕುವಾಗ ತಮ್ಮನ್ನು ಸಾಬರಮತಿಯ ರೈತ ಅಂತ ಬರೆದುಕೊಂಡರು. ಅದು ಪ್ರವಾಸಿ ಜಾಗ ಅಲ್ಲ, ಕೆಲಸ ನಡೆಯುವ ಸಂಸ್ಥೆ. ಶಾಲೆಯಿಂದ ಹೋಗುವವರು ಮೊದಲೇ ಪತ್ರ ಬರೆದು ಕೇಳಿ. ನಾವು ಹಾಗೆ ಮಾಡಿರಲಿಲ್ಲ, ಗೇಟಿನ ಫೋಟೊ ತೆಗೆದು ತಿರುಗಿದೆವು. ಅದೇ ವರ್ಷ ಜುಲೈ 12ರಂದು ಭಾರತೀಯ ವಿಜ್ಞಾನ ಸಂಸ್ಥೆಯ ವಿದ್ಯಾರ್ಥಿಗಳ ಮುಂದೆ ಮಾತಾಡುತ್ತಾ, ನಿಮ್ಮ ಈ ದೊಡ್ಡ ಕಟ್ಟಡಗಳಲ್ಲಿ ಹಳ್ಳಿಯವನಿಗೆ ಜಾಗ ಎಲ್ಲಿದೆ ಅನ್ನುವ ಅರ್ಥದಲ್ಲಿ ಕೇಳಿದ್ದರು. ಮಗಳ ಪ್ರಾಜೆಕ್ಟಿನಲ್ಲಿ ಇವೆರಡೂ ಎದುರುಬದುರು ಪುಟದಲ್ಲಿವೆ.

ಸಮಯ ಉಳಿದರೆ ಬಸವನಗುಡಿಗೆ ಹೋಗಿ, ಅಲ್ಲಿ ಬ್ಯೂಗಲ್ ರಾಕ್ ಪಾರ್ಕಿನಲ್ಲಿ ಡಿವಿಜಿ ಪ್ರತಿಮೆ ಇದೆ. 1915ರ ಮೇ 8ರಂದು ಗೋಖಲೆಯವರ ಭಾವಚಿತ್ರ ತೆರೆಯಲು ಗಾಂಧಿ ಬೆಂಗಳೂರಿಗೆ ಬಂದದ್ದು ಡಿವಿಜಿ ಮತ್ತು ಗೆಳೆಯರ ಕರೆಗೆ. ಜನ ಸಾರೋಟಿನ ಕುದುರೆ ಬಿಚ್ಚಿ ತಾವೇ ಎಳೆಯಲು ಬಂದಾಗ ಗಾಂಧಿ ಒಪ್ಪಲಿಲ್ಲ. ಅಕ್ಟೋಬರ್ 2ರ ಕಾರುಗಳ ಸಾಲಿನಲ್ಲಿ ಸಿಕ್ಕಿಕೊಂಡಾಗ ನನಗೆ ಇದು ಗೊತ್ತಿರಲಿಲ್ಲ, ಗೊತ್ತಿದ್ದರೆ ಅಲ್ಲೇ ನಗು ಬರುತ್ತಿತ್ತು.

ವಾಪಸ್ ಬರಲು ಬಸ್ಸಿನ ಸುದ್ದಿಗೇ ಹೋಗಲಿಲ್ಲ. ರೈಲು, ಸ್ಲೀಪರ್ ಕ್ಲಾಸ್. ಅಪ್ಪ ಕೆಳಗಿನ ಬರ್ತಿನಲ್ಲಿ ಗೊರಕೆ ಹೊಡೆದು ಮಲಗಿದರು, ಬೆಳಗ್ಗೆ ಬಿಪಿ ನೋಡಿದರೆ ನಾರ್ಮಲ್. ನಸುಕಿನಲ್ಲಿ ಇಳಿದಾಗ ಮಗಳು ಫೋನ್ ತೆಗೆದು ಪ್ಲಾಟ್‌ಫಾರ್ಮಿನ ಹಳದಿ ಬೋರ್ಡಿನ ಫೋಟೊ ತೆಗೆದಳು. ನಮ್ಮ ನಿಲ್ದಾಣಕ್ಕೆ ಈಗ ಮಹದೇವಪ್ಪ ಮೈಲಾರರ ಹೆಸರು ಇದೆಯಲ್ಲ, ಅದಕ್ಕೆ. ಜುಬ್ಬವನ್ನು ಮನೆಯಲ್ಲಿ ಸ್ಕೂಟರ್ ಒರೆಸಲು ಇಟ್ಟಿದ್ದೇವೆ, ನೀರು ಹೀರುವುದಿಲ್ಲ. ಎಸಿ ನೀರಿನ ವಿಡಿಯೊ ಕಳಿಸಿದ್ದಕ್ಕೆ ಬಸ್ಸಿನವರು ಅರ್ಧ ದುಡ್ಡು ವಾಪಸ್ ಹಾಕುತ್ತೇವೆ ಅಂದಿದ್ದರು. ಇನ್ನೂ ಬಂದಿಲ್ಲ.